ಪೋರ್ಟ್ ಮಕ್ವಾರಿಯ ಕೊವಾಲಾ ಆಸ್ಪತ್ರೆ: ಊರಿಂದ ಹಿರಿಯರು ಬಂದಾಗ ತಪ್ಪದೆ ಕರೆದುಕೊಂಡು ಹೋಗಿ

ಕೋಲಾರದ ಸೊಸೆ (ಸಿಡ್ನಿ)

ಊರಿಂದ ಅಪ್ಪ ಅಮ್ಮ, ಅತ್ತೆ ಮಾವ ಇಲ್ಲಿ ಆಸ್ಟ್ರೇಲಿಯಾಗೆ ಬಂದಾಗ ಎಲ್ಲಿಗೆ ಕರೆದುಕೊಂಡು ಹೋಗುವುದು ಎಂಬ ಪ್ರಶ್ನೆ ಈ ಗುಂಪಿನಲ್ಲಿ ಬರುತ್ತಲೇ ಇರುತ್ತದೆ. ಒಪೇರಾ ಹೌಸ್, ಬ್ಲೂ ಮೌಂಟನ್ಸ್, ಹೆಲೆನ್ಸ್‌ಬರ್ಗ್ ವೆಂಕಟೇಶ್ವರ ದೇವಸ್ಥಾನ. ಇಷ್ಟನ್ನು ಎಲ್ಲರೂ ಹೇಳುತ್ತಾರೆ. ನಾನು ಇನ್ನೊಂದು ಜಾಗ ಸೇರಿಸುತ್ತೇನೆ: ಪೋರ್ಟ್ ಮಕ್ವಾರಿಯ ಕೊವಾಲಾ ಆಸ್ಪತ್ರೆ. ಕೊವಾಲಾ ಎಂದರೆ ಮರದ ಮೇಲೇ ಬದುಕುವ, ಪುಟ್ಟ ಕರಡಿಯ ಹಾಗೆ ಕಾಣುವ ಇಲ್ಲಿನ ಪ್ರಾಣಿ. ಮೃಗಾಲಯ ಆಮೇಲೆ ನೋಡಿದರೂ ನಡೆಯುತ್ತದೆ, ಮೊದಲು ಇಲ್ಲಿಗೆ ಹೋಗಿ.

ಸಿಡ್ನಿಯಿಂದ ಪೆಸಿಫಿಕ್ ಹೈವೇ ಹಿಡಿದು ಉತ್ತರಕ್ಕೆ ಸುಮಾರು 390 ಕಿ.ಮೀ. ನಾಲ್ಕು ಗಂಟೆಯ ದಾರಿ. ರೋಟೋ ಹೌಸ್ ಎಂಬ 1891ರ ಹಳೇ ಮರದ ಮನೆ ಇದೆ. ಅದರ ಪಕ್ಕದ ತೋಪಿನಲ್ಲೇ ಆಸ್ಪತ್ರೆ. ಜೀನ್ ಮತ್ತು ಮ್ಯಾಕ್ಸ್ ಸ್ಟಾರ್ ಎಂಬ ಗಂಡ ಹೆಂಡತಿ 1973ರಲ್ಲಿ ಶುರು ಮಾಡಿದ್ದು. ಕೊವಾಲಾಗಳಿಗೆ ಅಂತಲೇ ತೆರೆದ ಆಸ್ಪತ್ರೆ ಜಗತ್ತಿನಲ್ಲಿ ಇದೇ ಮೊದಲು. ನಡೆಯುವುದು ಬಹುಪಾಲು ದೇಣಿಗೆಯಿಂದ ಮತ್ತು ಸ್ವಯಂಸೇವಕರಿಂದ. ಸೊಪ್ಪು ಕಡಿದು ತರುವವರು, ಗೂಡು ತೊಳೆಯುವವರು, ನಮಗೆ ಸುತ್ತು ಹಾಕಿಸಿ ವಿವರಿಸುವವರು, ಹೆಚ್ಚಿನವರು ಕೆಲಸದಿಂದ ನಿವೃತ್ತರಾದ ಊರಿನವರೇ.

ನಮ್ಮನ್ನು ಕರೆದುಕೊಂಡು ಹೋದ ಅಜ್ಜಿ ಮೊದಲು ಹೇಳಿದ ಮಾತು, ದನಿ ತಗ್ಗಿಸಿ, ಇವು ರೋಗಿಗಳು. ನಮ್ಮ ಮಾವ ಅಷ್ಟು ಹೊತ್ತೂ ಪಿಸುದನಿಯಲ್ಲೇ ಮಾತಾಡಿದರು. ಬೇಲಿ ಹಾಕಿದ ಅಂಗಳಗಳಲ್ಲಿ ಕವಲೊಡೆದ ಮರದ ಕಂಬ ನಿಲ್ಲಿಸಿದ್ದಾರೆ. ಕಂಬಕ್ಕೆ ನೀರು ತುಂಬಿದ ಕೊಳವೆ, ಅದರಲ್ಲಿ ಆಗತಾನೆ ತಂದ ಸೊಪ್ಪಿನ ಕೊಂಬೆ. ಮೇಲೆ ಮುದುರಿ ಕೂತ ಕೊವಾಲಾ. ಪ್ರತಿಯೊಂದರ ಅಂಗಳದ ಮುಂದೆ ಒಂದು ಫಲಕ: ಹೆಸರು, ಎಲ್ಲಿ ಸಿಕ್ಕಿತು, ಏನಾಗಿತ್ತು.

ಹೆಸರಿಡುವ ರೀತಿ ನನಗೆ ತುಂಬಾ ಹಿಡಿಸಿತು. ಮೊದಲು ಸಿಕ್ಕಿದ ಜಾಗದ ಹೆಸರು, ಆಮೇಲೆ ಕಾಪಾಡಿದವರು ಕೊಟ್ಟ ಹೆಸರು. ಎಲೆನ್‌ಬರೋ ಎಂಬ ಕಡೆ ಸಿಕ್ಕಿದ ಕೊವಾಲಾ ಎಲೆನ್‌ಬರೋ ಲೂಯಿಸ್ ಆಯಿತು. ವಾಸಿಯಾದ ಮೇಲೆ ಅದನ್ನು ಸಿಕ್ಕಿದ ಜಾಗದ ಹತ್ತಿರವೇ ಬಿಡಬೇಕು. ಹಾಗಾಗಿ ವಿಳಾಸ ಹೆಸರಿನಲ್ಲೇ ಇರುತ್ತದೆ.

ಒಂದು ಹೆಣ್ಣು ಕೊವಾಲಾ ನಮ್ಮ ಕಣ್ಣಳತೆಯಲ್ಲೇ ತಿನ್ನುತ್ತಿತ್ತು. ಒಂದು ಕಣ್ಣಿನ ಸುತ್ತ ಕೆಂಪಗೆ ಊದಿಕೊಂಡು ರೆಪ್ಪೆ ಅಂಟಿಕೊಂಡಿತ್ತು. ಕೊಂಬೆಯನ್ನು ಹತ್ತಿರಕ್ಕೆ ಎಳೆದುಕೊಳ್ಳುತ್ತದೆ, ಎಲೆ ಮೂಸುತ್ತದೆ, ಬಿಡುತ್ತದೆ. ಪಕ್ಕದ್ದನ್ನು ಮೂಸುತ್ತದೆ, ಅದನ್ನೂ ಬಿಡುತ್ತದೆ. ಆಮೇಲೆ ಒಂದು ಎಳೆ ಚಿಗುರು ಹಿಡಿಸಿತು, ಬುಡದಿಂದ ತುದಿಯವರೆಗೆ ನಿಧಾನವಾಗಿ ಅಗಿದು ತಿಂದಿತು. ಮುಂಗಾಲಿನಲ್ಲಿ ಐದು ಬೆರಳು. ಅದರಲ್ಲಿ ಎರಡು ಹೆಬ್ಬೆರಳಿನ ಹಾಗೆ ಬೇರೆ ದಿಕ್ಕಿಗೆ ತಿರುಗಿರುತ್ತವೆ. ಹಿಡಿತ ಗಟ್ಟಿಯಾಗಿರಲಿ ಅಂತ.

ಮಾವ ಕೆಳಗೆ ಬಿದ್ದಿದ್ದ ಒಂದು ಎಲೆ ತೋರಿಸಿ, ತೆಗೆದುಕೊಳ್ಳಬಹುದಾ ಎಂದು ಕೇಳಿದರು. ಅಜ್ಜಿ ಹೂಂ ಎಂದರು. ಮಾವ ಎಲೆ ಹಿಸುಕಿ ಮೂಸಿ, "ಅಮ್ಮಯ್ಯ, ಇದು ನಮ್ಮ ನೀಲಗಿರಿ ಅಲ್ವಾ!" ಎಂದರು. ಹೌದು. ಫಾರೆಸ್ಟ್ ರೆಡ್ ಗಮ್. ಇಲ್ಲಿನ ಕೊವಾಲಾಗಳಿಗೆ ತುಂಬಾ ಬೇಕಾದ ಸೊಪ್ಪು. ಕೋಲಾರದ ಕಡೆ ಎಕರೆಗಟ್ಟಲೆ ನಿಂತಿರುವುದು ಅದೇ ಜಾತಿ. ಮಾವ ಆ ಮರವನ್ನು ಬೈಯ್ದುಕೊಂಡೇ ಬಂದವರು. ಅದನ್ನೇ ನಂಬಿ ಬದುಕುವ ಪ್ರಾಣಿಯನ್ನು ಅವರು ನೋಡಿದ್ದು ಇದೇ ಮೊದಲು. ತುಂಬಾ ಹೊತ್ತು ಅಲ್ಲಿಂದ ಕದಲಲಿಲ್ಲ.

ಯಾರಾದರೂ ಹೋಗಿದ್ದರೆ ಹೇಳಿ. ಬೇರೆ ಊರುಗಳಲ್ಲಿ ಇಂಥ ಆಸ್ಪತ್ರೆಗಳಿದ್ದರೆ ಅದನ್ನೂ ಬರೆಯಿರಿ.

ಪರಮಾಟಾ ಅಮ್ಮ

ತುಂಬಾ ಚೆನ್ನಾಗಿ ಬರೆದಿದ್ದೀರಿ. ಎರಡು ಪ್ರಶ್ನೆ. ಟಿಕೆಟ್ ಎಷ್ಟು? ಮತ್ತೆ ಮಕ್ಕಳು ಕೊವಾಲಾ ಎತ್ತಿಕೊಂಡು ಫೋಟೋ ತೆಗೆಸಿಕೊಳ್ಳಬಹುದಾ? ನಮ್ಮ ಮಗಳಿಗೆ ಅದೊಂದೇ ಆಸೆ.

ಕೋಲಾರದ ಸೊಸೆ

ನಾವು ಹೋದಾಗ ಪ್ರವೇಶ ಉಚಿತವಾಗಿತ್ತು. ಹುಂಡಿ ಇತ್ತು, ಮನಸ್ಸಿಗೆ ಬಂದಷ್ಟು ಹಾಕಬಹುದಿತ್ತು. ಒಂದು ಕೊವಾಲಾವನ್ನು ದತ್ತು ತೆಗೆದುಕೊಳ್ಳುವ ಯೋಜನೆಯೂ ಇದೆ. ದುಡ್ಡು ಕಟ್ಟಿದರೆ ಅದರ ಕಥೆ ಬರೆದ ಪ್ರಮಾಣಪತ್ರ ಕೊಡುತ್ತಾರೆ. ನಮ್ಮ ಅತ್ತೆ ಮೊಮ್ಮಗನ ಹೆಸರಲ್ಲಿ ಮಾಡಿಸಿದರು. ಸುತ್ತು ಹಾಕಿಸುವ ಸಮಯ ಬದಲಾಗುತ್ತಿರುತ್ತದೆ, ಹೊರಡುವ ಮೊದಲು ನೋಡಿಕೊಳ್ಳಿ.

ಎತ್ತಿಕೊಳ್ಳುವುದು, ಮುಟ್ಟುವುದು ಏನೂ ಇಲ್ಲ ಅಮ್ಮ. ನ್ಯೂ ಸೌತ್ ವೇಲ್ಸ್‌ನಲ್ಲಿ ಎಲ್ಲೂ ಪ್ರವಾಸಿಗರ ಕೈಗೆ ಕೊವಾಲಾ ಕೊಡುವಂತಿಲ್ಲ. ಅದು ರಾಜ್ಯದ ನಿಯಮ.

ಹೆಬ್ಬಾಳದ ಪಶುವೈದ್ಯ (ಕ್ವೀನ್ಸ್‌ಲ್ಯಾಂಡ್)

ಹೆಬ್ಬಾಳದಲ್ಲಿ ಓದಿ ಈಗ ಕ್ವೀನ್ಸ್‌ಲ್ಯಾಂಡ್‌ನಲ್ಲಿ ಕೆಲಸ ಮಾಡುತ್ತಿದ್ದೇನೆ. ಎತ್ತಿಕೊಳ್ಳುವ ವಿಷಯ ಬಂದಿದ್ದಕ್ಕೆ ಹೇಳುತ್ತೇನೆ. ನಮ್ಮ ರಾಜ್ಯದಲ್ಲಿ ಕಾನೂನಿನ ಪ್ರಕಾರ ಇನ್ನೂ ಅವಕಾಶ ಇದೆ. ಆದರೂ ಬ್ರಿಸ್ಬೇನ್‌ನ ಲೋನ್ ಪೈನ್ ಕೊವಾಲಾ ಧಾಮದವರು 2024ರ ಜುಲೈನಿಂದ ತಾವಾಗಿಯೇ ನಿಲ್ಲಿಸಿದರು. 1927ರಿಂದ ನಡೆಯುತ್ತಿರುವ ಸಂಸ್ಥೆ, ಅಪ್ಪಿಕೊಂಡು ತೆಗೆಸಿದ ಫೋಟೋಗೇ ಜಗತ್ತಿನಾದ್ಯಂತ ಹೆಸರಾಗಿತ್ತು. ಅವರೇ ಬಿಟ್ಟರು ಎಂದರೆ ಯೋಚಿಸಿ. ಕೊವಾಲಾ ದಿನಕ್ಕೆ 18ರಿಂದ 20 ಗಂಟೆ ನಿದ್ದೆ ಮಾಡುತ್ತದೆ. ಸೋಮಾರಿತನ ಅಂತ ಜನ ನಗುತ್ತಾರೆ. ಅದು ತಿನ್ನುವ ಸೊಪ್ಪಿನಲ್ಲಿ ಸತ್ವ ಕಡಿಮೆ, ವಿಷ ಜಾಸ್ತಿ. ಆ ವಿಷ ಕರಗಿಸಿ ಅರಗಿಸಿಕೊಳ್ಳುವುದರಲ್ಲೇ ಶಕ್ತಿಯೆಲ್ಲ ಹೋಗುತ್ತದೆ. ಹೊಸಬರ ಕೈಯಲ್ಲಿ ಹೆದರಿಕೊಂಡು ಕೂರುವಷ್ಟು ಶಕ್ತಿ ಅದರಲ್ಲಿ ಮಿಕ್ಕಿರುವುದಿಲ್ಲ.

ನೀವು ನೋಡಿದ ಕೆಂಪು ಕಣ್ಣಿನ ಕೊವಾಲಾಗೆ ಬಹುಶಃ ಕ್ಲಮೈಡಿಯಾ ಸೋಂಕು. ಕಾರು ಗುದ್ದುವುದು, ನಾಯಿ ಕಚ್ಚುವುದು, ಕ್ಲಮೈಡಿಯಾ: ಆಸ್ಪತ್ರೆಗೆ ಬರುವ ಕೊವಾಲಾಗಳಲ್ಲಿ ಈ ಮೂರೇ ಜಾಸ್ತಿ. ಸೋಂಕು ಕಣ್ಣಿಗೆ ಬಂದರೆ ಕುರುಡಾಗುತ್ತದೆ. ಮೂತ್ರಕೋಶಕ್ಕೆ ಬಂದರೆ ಹಿಂಭಾಗ ಯಾವಾಗಲೂ ಒದ್ದೆ, ಕಂದು ಕಲೆ, ದೂರಕ್ಕೇ ವಾಸನೆ. ಹೆಣ್ಣುಗಳಿಗೆ ಅಂಡಾಶಯದ ಸುತ್ತ ನೀರುಗುಳ್ಳೆ ಕಟ್ಟಿ ಮರಿಯೇ ಆಗುವುದಿಲ್ಲ. ಹೊರಗಿನಿಂದ ನೋಡಲು ಆರೋಗ್ಯವಾಗಿರುತ್ತದೆ, ಸ್ಕ್ಯಾನ್ ಮಾಡಿದಾಗ ಗೊತ್ತಾಗುತ್ತದೆ.

ಔಷಧಿ ಕೊಡುವುದೂ ಸುಲಭವಲ್ಲ. ನೀಲಗಿರಿ ಎಲೆ ಅರಗುವುದು ಹೊಟ್ಟೆಯಲ್ಲಿರುವ ಸೂಕ್ಷ್ಮಜೀವಿಗಳಿಂದ. ಆಂಟಿಬಯೋಟಿಕ್ ಕೊಟ್ಟರೆ ಸೋಂಕಿನ ಜೊತೆ ಅವೂ ಸಾಯುತ್ತವೆ. ಆಗ ಹೊಟ್ಟೆ ತುಂಬ ತಿಂದರೂ ಕೊವಾಲಾ ಉಪವಾಸ ಬಿದ್ದು ಸೊರಗುತ್ತದೆ. ಕಣ್ಣು ವಾಸಿಯಾಗಿ ಹೊಟ್ಟೆ ಕೆಟ್ಟು ಸತ್ತ ಕೊವಾಲಾಗಳಿವೆ. ಅದಕ್ಕೇ ಅಲ್ಲಿ ದಿನಾ ತೂಕ ನೋಡುತ್ತಾರೆ, ಹಿಕ್ಕೆ ಎಣಿಸುತ್ತಾರೆ.

ಒಂದು ಒಳ್ಳೆಯ ಸುದ್ದಿ. ಯೂನಿವರ್ಸಿಟಿ ಆಫ್ ದಿ ಸನ್‌ಶೈನ್ ಕೋಸ್ಟ್‌ನವರು ಹತ್ತು ವರ್ಷಕ್ಕೂ ಹೆಚ್ಚು ಕಾಲ ದುಡಿದು ತಯಾರಿಸಿದ ಕ್ಲಮೈಡಿಯಾ ಲಸಿಕೆಗೆ 2025ರ ಸೆಪ್ಟೆಂಬರ್‌ನಲ್ಲಿ ಅನುಮತಿ ಸಿಕ್ಕಿತು. ಒಂದೇ ಡೋಸು ಸಾಕು. ಕಾಡಿನ ಕೊವಾಲಾವನ್ನು ಎರಡನೇ ಸಲ ಹಿಡಿದು ತರುವುದು ಎಷ್ಟು ಕಷ್ಟ ಎಂದು ಗೊತ್ತಿದ್ದವರಿಗೆ ಈ ಒಂದು ಡೋಸಿನ ಬೆಲೆ ತಿಳಿಯುತ್ತದೆ.

ಚಿಕ್ಕಬಳ್ಳಾಪುರದ ರೈತ

ನೀಲಗಿರಿ ಮಾತು ಬಂದಿದ್ದಕ್ಕೆ ಬರೆಯುತ್ತಿದ್ದೇನೆ. ನಾನು ಆಸ್ಟ್ರೇಲಿಯಾ ನೋಡಿಲ್ಲ. ಆದರೆ ಆ ಮರ ನಮ್ಮ ನಂದಿಬೆಟ್ಟಕ್ಕೇ ಮೊದಲು ಬಂದದ್ದು. ಟಿಪ್ಪು ಸುಲ್ತಾನ್ ಕಾಲದಲ್ಲಿ, ಸುಮಾರು 1790ರಲ್ಲಿ, ಬೆಟ್ಟದ ಮೇಲಿನ ತೋಟದಲ್ಲಿ ಬೀಜ ಹಾಕಿಸಿದರು ಎನ್ನುತ್ತಾರೆ. ಅಲ್ಲಿಂದ ಹಬ್ಬಿದ್ದನ್ನೇ ಅರಣ್ಯ ಇಲಾಖೆಯವರು ಮೈಸೂರು ಗಮ್ ಎಂದು ಕರೆಯುತ್ತಾರೆ. ಸೊಸೆಯವರು ಹೇಳಿದ ಫಾರೆಸ್ಟ್ ರೆಡ್ ಗಮ್‌ನ ವಂಶವೇ ಅದು.

ನಮ್ಮ ಬಯಲುಸೀಮೆಯಲ್ಲಿ ಅದು ಮಾಡಿದ್ದನ್ನು ಮಾವನವರಿಗೆ ನಾನು ಹೇಳಬೇಕಾಗಿಲ್ಲ. ರಾಗಿ ಹೊಲಗಳೆಲ್ಲ ನೀಲಗಿರಿ ತೋಪಾದವು, ಅಂತರ್ಜಲ ಪಾತಾಳಕ್ಕೆ ಇಳಿಯಿತು. 2017ರಲ್ಲಿ ಸರ್ಕಾರ ಹೊಸದಾಗಿ ನೆಡುವುದನ್ನೇ ನಿಷೇಧಿಸಿತು. ಆ ತೋಪಿನೊಳಗೆ ಹೋದರೆ ಹಕ್ಕಿ ದನಿಯೂ ಕೇಳುವುದಿಲ್ಲ, ನೆಲದಲ್ಲಿ ಗರಿಕೆಯೂ ಬೆಳೆಯುವುದಿಲ್ಲ. ಅದೇ ಮರ ಅದರ ಊರಿನಲ್ಲಿ ಒಂದು ಪ್ರಾಣಿಗೆ ಅನ್ನ, ನೀರು, ಮನೆ ಎಲ್ಲವೂ ಆಗಿದೆ ಎಂದು ಓದಿ ಮನಸ್ಸಿಗೆ ಏನೋ ಆಯಿತು. ತಪ್ಪು ಮರದ್ದಲ್ಲ, ತಂದು ಎಕರೆಗಟ್ಟಲೆ ನೆಟ್ಟ ನಮ್ಮದು.

ಒಂದು ಅನುಮಾನ. ಕೊವಾಲಾ ನೀರೇ ಕುಡಿಯುವುದಿಲ್ಲ ಎಂದು ಶಾಲೆಯಲ್ಲಿ ಓದಿದ್ದೆ. ಹೌದಾ?

ಕೋಲಾರದ ಸೊಸೆ

ಅಣ್ಣ, ನಿಮ್ಮ ಬರಹವನ್ನು ಮಾವನಿಗೆ ಓದಿ ಹೇಳಿದೆ. "ಸರಿಯಾಗಿ ಹೇಳಿದಾನೆ" ಎಂದರು.

ನೀರಿನ ವಿಷಯ ಅಜ್ಜಿಯೂ ವಿವರಿಸಿದರು. ಸಾಮಾನ್ಯವಾಗಿ ಎಲೆಯಲ್ಲಿರುವ ನೀರೇ ಸಾಕು. ಬರ ಬಿದ್ದು ಎಲೆ ಒಣಗಿದರೆ ಸಾಲುವುದಿಲ್ಲ, ಆಗ ಮರ ಇಳಿದು ನೀರು ಹುಡುಕುತ್ತವೆ. ಇಳಿದಾಗಲೇ ನಾಯಿ, ಕಾರುಗಳಿಗೆ ಸಿಕ್ಕುವುದು. 2019ರ ಅಕ್ಟೋಬರ್‌ನಲ್ಲಿ ಪೋರ್ಟ್ ಮಕ್ವಾರಿ ಪಕ್ಕದ ಲೇಕ್ ಇನ್ಸ್ ಕಾಡಿಗೆ ಬೆಂಕಿ ಬಿದ್ದಿತು. ನೂರಾರು ಕೊವಾಲಾಗಳು ಸತ್ತವು. ಕಾಡಿನಲ್ಲಿ ಕುಡಿಯುವ ನೀರಿನ ತೊಟ್ಟಿ ಇಡಲು 25,000 ಡಾಲರ್ ಬೇಕು ಎಂದು ಆಸ್ಪತ್ರೆಯವರು ಜನರನ್ನು ಕೇಳಿದರು. ಜಗತ್ತಿನ ಮೂಲೆ ಮೂಲೆಯಿಂದ 70 ಲಕ್ಷ ಡಾಲರ್‌ಗಿಂತ ಹೆಚ್ಚು ಬಂತು! ಆ ದುಡ್ಡಿನಲ್ಲಿ ತೊಟ್ಟಿಗಳನ್ನು ಇಟ್ಟರು, ಕೊವಾಲಾಗಳ ಸಂತಾನ ಬೆಳೆಸುವ ಕೆಲಸಕ್ಕೂ ಕೈ ಹಾಕಿದರು.

ತುಮಕೂರು ಟೀಚರ್

ಲೂಯಿಸ್ ಹೆಸರು ಓದಿ ನೆನಪಾಯಿತು. 2019ರಲ್ಲಿ ಟಿವಿಯಲ್ಲಿ ಎಲ್ಲರೂ ನೋಡಿದ್ದೆವು. ಉರಿಯುವ ಕಾಡಿನೊಳಗೆ ಒಬ್ಬ ಹೆಂಗಸು ಓಡಿಹೋಗಿ, ಮೈಮೇಲಿನ ಅಂಗಿ ಬಿಚ್ಚಿ ಕೊವಾಲಾಗೆ ಸುತ್ತಿ ಎತ್ತಿಕೊಂಡು ಬಂದರಲ್ಲ. ತಮ್ಮ ಮೊಮ್ಮಗನ ಹೆಸರನ್ನೇ ಇಟ್ಟರು. ಒಂದು ವಾರದಲ್ಲಿ ಆಸ್ಪತ್ರೆಯವರೇ ಚುಚ್ಚುಮದ್ದು ಕೊಟ್ಟು ಅದರ ಪ್ರಾಣ ತೆಗೆದರು ಎಂದು ಓದಿ ಅತ್ತಿದ್ದೆ. ಇವತ್ತಿಗೂ ನನಗೆ ಒಪ್ಪಿಗೆಯಾಗಿಲ್ಲ. ಅಷ್ಟು ಕಷ್ಟಪಟ್ಟು ಉಳಿಸಿದ ಜೀವವನ್ನು ತೆಗೆಯಲು ನಮಗೆ ಯಾವ ಹಕ್ಕಿದೆ? ಕೊನೆಯವರೆಗೂ ಸಾಕಬಹುದಿತ್ತಲ್ಲವೇ? ನಮ್ಮ ಕಡೆ ಗೋಶಾಲೆಗಳಲ್ಲಿ ಕಾಲು ಮುರಿದ ದನವನ್ನೂ ಸಾಕುತ್ತಾರೆ.

ಹೆಬ್ಬಾಳದ ಪಶುವೈದ್ಯ

ಟೀಚರ್, ನಿಮ್ಮ ಪ್ರಶ್ನೆ ನ್ಯಾಯವಾದದ್ದು. ಈ ಕೆಲಸಕ್ಕೆ ಬಂದ ಹೊಸದರಲ್ಲಿ ನಾನೂ ನಮ್ಮ ಹಿರಿಯ ವೈದ್ಯರನ್ನು ಇದನ್ನೇ ಕೇಳಿದ್ದೆ.

ಸುಟ್ಟ ಗಾಯ ಮೊದಲ ದಿನ ಪೂರ್ತಿ ಕಾಣುವುದಿಲ್ಲ. ದಿನ ಕಳೆದ ಹಾಗೆ ಸುಟ್ಟ ಚರ್ಮ ಕಳಚಿ ಒಳಗಿನ ಹಾನಿ ಹೊರಗೆ ಬರುತ್ತದೆ. ಪ್ರತಿ ಸಲ ಪಟ್ಟಿ ಬದಲಿಸಲು ಅರಿವಳಿಕೆ ಕೊಡಬೇಕು. ಲೂಯಿಸ್‌ಗೆ ಕೈ, ಕಾಲು, ಎದೆ, ಹೊಟ್ಟೆ ಎಲ್ಲ ಸುಟ್ಟಿತ್ತು. ಗಾಯ ಮಾಯುವ ಬದಲು ಕೆಡುತ್ತಲೇ ಹೋಯಿತು. ವಯಸ್ಸೂ ಆಗಿತ್ತು. ನೋವಿನ ಔಷಧಿಯಿಂದಲೂ ಸಮಾಧಾನ ಸಿಗುತ್ತಿರಲಿಲ್ಲ. ಅದನ್ನು ಇನ್ನೂ ಎಳೆದಿದ್ದರೆ ನಮ್ಮ ಸಮಾಧಾನಕ್ಕೆ ಎಳೆದ ಹಾಗಾಗುತ್ತಿತ್ತು.

ದನ ಸಾವಿರಾರು ವರ್ಷದಿಂದ ಮನುಷ್ಯನ ಜೊತೆ ಬದುಕಿದ ಪ್ರಾಣಿ. ನೀವು ಹತ್ತಿರ ಹೋದರೆ ಅದಕ್ಕೆ ಧೈರ್ಯ ಬರುತ್ತದೆ. ಕಾಡುಪ್ರಾಣಿಗೆ ನಾವು ಹತ್ತಿರ ಹೋಗುವುದೇ ಭಯ. ಉಗುರೇ ಹೋದ ಕೊವಾಲಾ ಮರ ಹತ್ತುವುದಿಲ್ಲ. ಮರ ಹತ್ತದೆ ಅದಕ್ಕೆ ಬದುಕೇ ಇಲ್ಲ. ಹಾಗಂತ ಬಿಡಲಾಗದ್ದನ್ನೆಲ್ಲ ಕೊಲ್ಲುವುದಿಲ್ಲ. ನೋವಿಲ್ಲದೆ, ಹೆದರದೆ ಇರಬಲ್ಲವು ಎನ್ನಿಸಿದರೆ ಅಲ್ಲೇ ಕಾಯಂ ಆಗಿ ಇಟ್ಟುಕೊಳ್ಳುವುದೂ ಉಂಟು. ಪೋರ್ಟ್ ಮಕ್ವಾರಿಯಲ್ಲೂ ಅಂಥವು ಇವೆ. ಆದರೆ ಪ್ರತಿಯೊಂದರ ಲೆಕ್ಕ ಬೇರೆ, ಕೂತು ಯೋಚಿಸಿ ತೀರ್ಮಾನಿಸಬೇಕು. ಆ ಚುಚ್ಚುಮದ್ದು ಕೊಟ್ಟ ದಿನ ನಮ್ಮಲ್ಲಿ ಯಾರೂ ಜೊತೆಗೆ ಕೂತು ಊಟ ಮಾಡುವುದಿಲ್ಲ.

ತುಮಕೂರು ಟೀಚರ್

ಉತ್ತರ ಓದಿದೆ. ಪೂರ್ತಿ ಒಪ್ಪಿದೆ ಎಂದು ಹೇಳಲಾರೆ. ಆದರೆ ನೀವು ಹೇಳಿದ ಭಯದ ಮಾತು ಸರಿ ಎನ್ನಿಸಿತು.

ಕೆಂಗೇರಿ ಗೆಳೆಯ

ಬಿಡಲಾಗದ ಪ್ರಾಣಿಗಳ ಮಾತು ಬಂತಲ್ಲ, ನಮ್ಮ ಬನ್ನೇರುಘಟ್ಟದ ಕರಡಿಗಳನ್ನು ನೆನಪಿಸಬೇಕು. ಕಲಂದರ್ ಜನ ಊರೂರು ಸುತ್ತಿ ಕರಡಿ ಕುಣಿಸುತ್ತಿದ್ದುದನ್ನು ಇಲ್ಲಿ ಸುಮಾರು ಜನ ನೋಡಿರುತ್ತೀರಿ. ಮರಿ ಇದ್ದಾಗಲೇ ಮೂತಿಗೆ ಕಾದ ಸೂಜಿ ಚುಚ್ಚಿ ಹಗ್ಗ ಪೋಣಿಸುತ್ತಿದ್ದರು, ಹಲ್ಲು ಕೀಳುತ್ತಿದ್ದರು. ವೈಲ್ಡ್‌ಲೈಫ್ ಎಸ್‌ಓಎಸ್ ಸಂಸ್ಥೆ ಅರಣ್ಯ ಇಲಾಖೆಯ ಜೊತೆ ಸೇರಿ ಬನ್ನೇರುಘಟ್ಟದಲ್ಲಿ ಅವುಗಳಿಗಾಗಿ ಕೇಂದ್ರ ನಡೆಸುತ್ತಿದೆ. ದೇಶದ ಕೊನೆಯ ಕುಣಿಯುವ ಕರಡಿ ಎಂದು ಕರೆದ ರಾಜು 2009ರ ಡಿಸೆಂಬರ್‌ನಲ್ಲಿ ಬಂದು ಸೇರಿದ್ದು ಅಲ್ಲಿಗೇ. ಹಲ್ಲಿಲ್ಲದ ಕರಡಿಯನ್ನು ಕಾಡಿಗೆ ಬಿಡುವುದು ಹೇಗೆ? ಮರದ ನೆರಳಲ್ಲಿ, ರಾಗಿ ಗಂಜಿ, ಹಣ್ಣು ತಿಂದುಕೊಂಡು ಆಯಸ್ಸು ಕಳೆಯುತ್ತವೆ.

ಕೆಂಗೇರಿಯಲ್ಲಿ ಪೀಪಲ್ ಫಾರ್ ಅನಿಮಲ್ಸ್‌ನವರ ವನ್ಯಜೀವಿ ಆಸ್ಪತ್ರೆಯೂ ಇದೆ. ಆಷಾಢದ ಗಾಳಿ ಎದ್ದರೆ ಬೆಂಗಳೂರಲ್ಲಿ ಗಾಳಿಪಟ ಶುರು. ಗಾಜಿನ ಪುಡಿ ಸವರಿದ ಮಾಂಜಾ ದಾರ ಮರದಲ್ಲಿ ಸಿಕ್ಕಿಕೊಂಡು ಉಳಿಯುತ್ತದೆ. ಹದ್ದು ಹಾರಿ ಬಂದು ರೆಕ್ಕೆ ಸಿಕ್ಕಿಸಿಕೊಳ್ಳುತ್ತದೆ. ಬಿಡಿಸಿಕೊಳ್ಳಲು ಒದ್ದಾಡಿದಷ್ಟೂ ದಾರ ಮೂಳೆಯವರೆಗೆ ಕೊರೆಯುತ್ತದೆ. ನೈಲಾನ್ ಮಾಂಜಾವನ್ನು ಹಸಿರು ನ್ಯಾಯಮಂಡಳಿ 2017ರಲ್ಲೇ ನಿಷೇಧಿಸಿದೆ. ಮಾರಾಟ ನಿಂತಿಲ್ಲ. ಈ ಕಡೆಯ ತಂದೆ ತಾಯಿಗಳಿಗೆ ನನ್ನ ಬೇಡಿಕೆ ಇಷ್ಟೇ: ಮಕ್ಕಳಿಗೆ ಬರೀ ಹತ್ತಿ ದಾರ ಕೊಡಿಸಿ.

ಇಲ್ಲಿ ಯಾಕೆ ಪೋರ್ಟ್ ಮಕ್ವಾರಿಯ ಹಾಗೆ ಜನರಿಗೆ ಸುತ್ತು ಹಾಕಿಸುವುದಿಲ್ಲ ಎಂದು ಕೇಳುತ್ತಾರೆ. ನಮ್ಮಲ್ಲಿ ರಕ್ಷಣಾ ಕೇಂದ್ರದ ಪ್ರಾಣಿಗಳನ್ನು ಜನರ ನೋಟಕ್ಕೆ ಇಡಬಾರದು ಎಂಬ ನೀತಿ ಇದೆ. ಅದು ಒಳ್ಳೆಯದೇ. ಆದರೆ ಏಟು ಹೇಗೆ ಬೀಳುತ್ತದೆ ಎಂದು ಜನಕ್ಕೆ ತಿಳಿಸಲು ಬೇರೆ ದಾರಿ ಹುಡುಕಲೇಬೇಕು. ಒಂದು ಕಿಟಕಿ, ಒಂದು ಫಲಕ, ವಿವರಿಸಲು ಒಬ್ಬರು. ಅಷ್ಟಾದರೂ ಬೇಕು.

ಹೋಬಾರ್ಟ್ ಹೈದ

ನಮ್ಮ ಟ್ಯಾಸ್ಮೇನಿಯಾಗೆ ಬನ್ನಿ. ಹೋಬಾರ್ಟ್‌ನಿಂದ ಅರ್ಧ ಗಂಟೆ, ಬ್ರೈಟನ್ ಹತ್ತಿರ ಬೊನೊರಾಂಗ್ ಧಾಮ ಇದೆ. 1981ರಲ್ಲಿ ಶುರುವಾದದ್ದು. ಆಸ್ಪತ್ರೆ ಕೂಡ ಇದೆ. ಪ್ರವೇಶಕ್ಕೆ ಟಿಕೆಟ್ ಇದೆ, ಅದರ ದುಡ್ಡು ರಕ್ಷಣೆಯ ಕೆಲಸಕ್ಕೇ ಹೋಗುತ್ತದೆ. ಅಲ್ಲಿನವರು ಎಲ್ಲರನ್ನೂ ಗುಂಪು ಮಾಡಿ ಕರೆದುಕೊಂಡು ಹೋಗಿ ಒಂದೊಂದು ಪ್ರಾಣಿಯ ಕಥೆ ಹೇಳುತ್ತಾರೆ. ಸುತ್ತಲೂ ಕಾಂಗರೂಗಳು ಓಡಾಡಿಕೊಂಡಿರುತ್ತವೆ. ಅವರು ಕೊಡುವ ಮೇವನ್ನು ಅಂಗೈಯಲ್ಲಿ ಹಿಡಿದರೆ ಬಂದು ತಿನ್ನುತ್ತವೆ. ಬೇಡ ಎನ್ನಿಸಿದರೆ ಎದ್ದು ಹೋಗಲು ಅವುಗಳಿಗೇ ಅಂತ ಬಿಟ್ಟ ಜಾಗ ಇದೆ, ಅಲ್ಲಿಗೆ ನಾವು ಕಾಲಿಡುವಂತಿಲ್ಲ. ಪರಮಾಟಾ ಅಕ್ಕ, ನಿಮ್ಮ ಮಗಳಿಗೆ ಇದು ಹಿಡಿಸುತ್ತದೆ.

ಟ್ಯಾಸ್ಮೇನಿಯನ್ ಡೆವಿಲ್ ಎಂಬ ಇಲ್ಲಿನ ಪ್ರಾಣಿಯನ್ನು ನೋಡಲೇಬೇಕು. ನಾಯಿಮರಿ ಗಾತ್ರ, ಕಪ್ಪು ಮೈ, ಎದೆಯ ಮೇಲೆ ಬಿಳಿ ಪಟ್ಟೆ. ಮೂಳೆ ಸಮೇತ ಅಗಿಯುವ ಸದ್ದು ಬೇಲಿಯ ಈಚೆಗೂ ಕೇಳುತ್ತದೆ. 1996ರಲ್ಲಿ ಅವುಗಳ ಮುಖದಲ್ಲಿ ಗೆಡ್ಡೆ ಬೆಳೆಯುವ ಕಾಯಿಲೆ ಮೊದಲು ಕಂಡಿತು. ಒಂದನ್ನೊಂದು ಕಚ್ಚಿದಾಗ ಹರಡುವ ಕ್ಯಾನ್ಸರ್ ಅದು. ಕಾಯಿಲೆ ಹೊಕ್ಕ ಕಡೆಯಲ್ಲೆಲ್ಲ ಸಂತತಿ ಕುಸಿದುಹೋಯಿತು.

ಇದರ ಮೇಲೆ ನಮ್ಮ ರಸ್ತೆಗಳು. ಕಾರಿಗೆ ಸಿಕ್ಕಿ ಸತ್ತ ವಾಲಬಿ (ಸಣ್ಣ ಕಾಂಗರೂ) ತಿನ್ನಲು ಡೆವಿಲ್ ರಸ್ತೆಗೆ ಬರುತ್ತದೆ, ಮುಂದಿನ ಕಾರಿಗೆ ಅದೂ ಸಿಗುತ್ತದೆ. ಕರಿ ಮೈ, ಕರಿ ರಸ್ತೆ, ರಾತ್ರಿ ಹೊತ್ತು. ಅದಕ್ಕೆ ಇಲ್ಲಿನ ಜನ ಸತ್ತ ಪ್ರಾಣಿಯನ್ನು ಕಾಲು ಹಿಡಿದು ರಸ್ತೆಯಿಂದ ದೂರ ಎಳೆದು ಹಾಕುತ್ತಾರೆ. ಹಿಂದೆ ಮುಂದೆ ಗಾಡಿ ಇಲ್ಲ ಎಂದು ಖಾತ್ರಿಯಾದರೆ ಮಾತ್ರ ಮಾಡಿ. ಬಾಡಿಗೆ ಕಾರಲ್ಲಿ ಸುತ್ತುವವರು ಸಂಜೆಯಾದ ಮೇಲೆ ವೇಗ ಇಳಿಸಿ. ಸಾಧ್ಯವಾದರೆ ಕತ್ತಲಾಗುವ ಮೊದಲೇ ಉಳಿಯುವ ಜಾಗ ಸೇರಿಕೊಳ್ಳಿ.

ಪರಮಾಟಾ ಅಮ್ಮ

ಹೆಣ್ಣು ಕಾಂಗರೂ ರಸ್ತೆ ಬದಿ ಸತ್ತು ಬಿದ್ದಿದ್ದರೆ ಚೀಲದಲ್ಲಿ ಮರಿ ಬದುಕಿರಬಹುದು ಎನ್ನುತ್ತಾರೆ. ಆಗ ಏನು ಮಾಡಬೇಕು? ಸುಮ್ನೆ ಎತ್ತಿಕೊಂಡು ಬರಬಹುದಾ?

ಹೆಬ್ಬಾಳದ ಪಶುವೈದ್ಯ

ಎಳೆಯಬೇಡಿ. ಇದು ಎಲ್ಲರೂ ತಿಳಿದಿರಬೇಕಾದ ವಿಷಯ. ಕಾಂಗರೂ, ಕೊವಾಲಾ ಮರಿಗಳು ಹುಟ್ಟಿದಾಗ ಒಂದು ಅವರೆಕಾಳಿನಷ್ಟು ಇರುತ್ತವೆ. ಕಣ್ಣು, ಕಿವಿ, ಕೂದಲು ಏನೂ ಇಲ್ಲ. ತಾನೇ ತೆವಳಿಕೊಂಡು ಚೀಲ ಸೇರಿ ಮೊಲೆತೊಟ್ಟು ಕಚ್ಚುತ್ತದೆ. ತೊಟ್ಟು ಬಾಯೊಳಗೆ ಉಬ್ಬಿ ಮರಿ ಅಲ್ಲೇ ಬಿಗಿಯಾಗಿ ನಿಲ್ಲುತ್ತದೆ. ಎಳೆದರೆ ಬಾಯಿಯೇ ಹರಿಯುತ್ತದೆ. ತೊಟ್ಟು ಕಚ್ಚಿರುವ ಮರಿ ಇದ್ದರೆ ಮುಟ್ಟದೆ ಕೆಳಗಿನ ನಂಬರ್‌ಗೆ ಫೋನ್ ಮಾಡಿ, ಅವರು ಹೇಳಿದ ಹಾಗೆ ಮಾಡಿ.

ತೊಟ್ಟು ಬಿಟ್ಟಿರುವ ಮರಿಯಾದರೆ ಬಟ್ಟೆಯ ಚೀಲದಲ್ಲಿಟ್ಟು ನಿಮ್ಮ ಜಾಕೆಟ್ ಒಳಗೆ ಇಟ್ಟುಕೊಳ್ಳಿ. ಬೆಚ್ಚಗಿರಬೇಕು, ಕತ್ತಲಿರಬೇಕು, ಸದ್ದಿರಬಾರದು. ಹಸುವಿನ ಹಾಲು ಕೊಡಲೇಬೇಡಿ, ಅದು ಅವಕ್ಕೆ ಅರಗುವುದಿಲ್ಲ, ಭೇದಿಯಾಗಿ ಸಾಯುತ್ತವೆ. ಪಾಪ ಹಸಿದಿದೆ ಎಂದು ನಮ್ಮವರು ಮೊದಲು ಮಾಡುವುದೇ ಅದು.

ಈ ನಂಬರ್‌ಗಳನ್ನು ಫೋನಿನಲ್ಲಿ ಇಟ್ಟುಕೊಳ್ಳಿ. ನ್ಯೂ ಸೌತ್ ವೇಲ್ಸ್‌ನಲ್ಲಿ ಕಾಡುಪ್ರಾಣಿ ಕಾಪಾಡುವ ವೈರ್ಸ್ ಸಂಸ್ಥೆ, 1300 094 737. ಕ್ವೀನ್ಸ್‌ಲ್ಯಾಂಡ್‌ನಲ್ಲಿ ಪ್ರಾಣಿದಯಾ ಸಂಸ್ಥೆ ಆರ್‌ಎಸ್‌ಪಿಸಿಎ, 1300 264 625.

ಬ್ರಿಸ್ಬೇನ್ ಬಸಣ್ಣ

ಬ್ರಿಸ್ಬೇನ್‌ನಿಂದ ಉತ್ತರಕ್ಕೆ ಒಂದು ಗಂಟೆ ಹೋದರೆ ಬಿಯರ್ವಾದಲ್ಲಿ ಆಸ್ಟ್ರೇಲಿಯಾ ಝೂ ಆಸ್ಪತ್ರೆ. ಟಿವಿಯಲ್ಲಿ ಮೊಸಳೆ ಹಿಡಿಯುತ್ತಿದ್ದ ಸ್ಟೀವ್ ಇರ್ವಿನ್ ಮತ್ತು ಅವರ ಹೆಂಡತಿ ಟೆರಿ ಇರ್ವಿನ್ 2004ರಲ್ಲಿ ಶುರು ಮಾಡಿದರು, ಸ್ಟೀವ್ ಅವರ ತಾಯಿಯ ನೆನಪಿಗೆ. ಮೊದಲಿಗೆ ಹಳೇ ಬೆಣ್ಣೆಹಣ್ಣು ತುಂಬುವ ಶೆಡ್ಡಿನಲ್ಲಿತ್ತು. ಈಗಿನ ದೊಡ್ಡ ಕಟ್ಟಡ 2008ರದ್ದು, ಅದನ್ನು ನೋಡಲು ಸ್ಟೀವ್ ಇರಲಿಲ್ಲ. 2020ರ ಜನವರಿಗೆ 90,000 ಪ್ರಾಣಿಗಳು ಬಂದಿದ್ದವು. ಆ 90,000ನೆಯದು ಒಲ್ಲಿ ಎಂಬ ತಬ್ಬಲಿ ಪ್ಲಾಟಿಪಸ್ (ಬಾತುಕೋಳಿಯಂಥ ಕೊಕ್ಕಿನ ನೀರುಪ್ರಾಣಿ) ಮರಿ.

ಅಲ್ಲಿ ಕಡಲಾಮೆಗಳಿಗೂ ಚಿಕಿತ್ಸೆ ಇದೆ. ನೀರಲ್ಲಿ ಮುಳುಗಲಾಗದ ಆಮೆ ನೋಡಿದ್ದೀರಾ? ಹೊಟ್ಟೆಯಲ್ಲಿ ಪ್ಲಾಸ್ಟಿಕ್ಕೋ ಬೇರೆ ಏನೋ ಸಿಕ್ಕಿಕೊಂಡು ಗಾಳಿ ತುಂಬುತ್ತದೆ, ಚಿಪ್ಪಿನ ಹಿಂಭಾಗ ಮೇಲೆದ್ದು ತೇಲುತ್ತದೆ. ಮುಂಗಾಲಿಂದ ಎಷ್ಟು ಬಡಿದರೂ ಕೆಳಗೆ ಹೋಗಲಾಗುವುದಿಲ್ಲ. ಮೇವು ಕೆಳಗೆ, ಇದು ಮೇಲೆ. ನಮ್ಮ ತಾಯಿ ಅದನ್ನು ನೋಡಿದ ಮೇಲೆ ಬೀಚಿಗೆ ಹೋದಾಗಲೆಲ್ಲ ಕೈಗೆ ಸಿಕ್ಕ ಪ್ಲಾಸ್ಟಿಕ್, ಮೀನಿನ ದಾರ ಎಲ್ಲ ಆರಿಸುತ್ತಾರೆ. ಸೀರೆ ಸೆರಗು ಸೊಂಟಕ್ಕೆ ಸಿಕ್ಕಿಸಿ ಬಗ್ಗುವುದನ್ನು ನೋಡಿ ಅಕ್ಕಪಕ್ಕದವರೂ ಸೇರಿಕೊಳ್ಳುತ್ತಾರೆ. ಗೋಲ್ಡ್ ಕೋಸ್ಟ್ ಕಡೆ ಇರುವವರಿಗೆ ಕರಂಬಿನ್ ಆಸ್ಪತ್ರೆ ಹತ್ತಿರ. ಗಾಯಗೊಂಡ ಕಾಡುಪ್ರಾಣಿ ತಂದರೆ ಅಲ್ಲಿ ದುಡ್ಡು ಕೇಳುವುದಿಲ್ಲ.

ಮೆಲ್ಬರ್ನ್ ಮಾವ

ಇಲ್ಲಿ ಹೀಲ್ಸ್‌ವಿಲ್ ಧಾಮ ಇದೆ, ಊರಿಂದ ಒಂದು ಗಂಟೆ ಚಿಲ್ಲರೆ. 1934ರಿಂದ ಇದೆ. ಮನುಷ್ಯರ ಆರೈಕೆಯಲ್ಲಿ ಪ್ಲಾಟಿಪಸ್ ಮೊದಲ ಸಲ ಮರಿ ಮಾಡಿದ್ದು ಇಲ್ಲೇ, 1940ರ ದಶಕದಲ್ಲಿ. ಆಸ್ಪತ್ರೆಯ ಒಳಗೆ ಗಾಜಿನ ಗೋಡೆ. ವೈದ್ಯರು ಒಳಗೆ ಕೆಲಸ ಮಾಡುತ್ತಾರೆ, ನಾವು ಹೊರಗಿನಿಂದ ನೋಡಬಹುದು.

ನಾನು ಹೋದಾಗ ಮೇಜಿನ ಮೇಲೆ ಬಾವಲಿ ಇತ್ತು. ರೆಕ್ಕೆಯ ತೆಳು ಚರ್ಮದಲ್ಲಿ ಬಲೆಯ ನೂಲು ಹೂತು ಹೋಗಿತ್ತು. ಕೈಗವಸು ತೊಟ್ಟ ವೈದ್ಯೆ ಸಣ್ಣ ಕತ್ತರಿಯಿಂದ ಒಂದೊಂದೇ ಎಳೆ ಬಿಡಿಸುತ್ತಿದ್ದರು. ಹಿತ್ತಲಿನ ಹಣ್ಣಿನ ಗಿಡಕ್ಕೆ ಹಾಕಿದ ಬಲೆಯಂತೆ. ನಮ್ಮವರ ಹಿತ್ತಲಲ್ಲೂ ಸೀಬೆ, ಅಂಜೂರ, ದಾಳಿಂಬೆ ಇದ್ದೇ ಇರುತ್ತದಲ್ಲ, ಅದಕ್ಕೇ ಇಲ್ಲಿ ಹೇಳುತ್ತಿದ್ದೇನೆ. ವಿಕ್ಟೋರಿಯಾದಲ್ಲಿ 2021ರ ಸೆಪ್ಟೆಂಬರ್‌ನಿಂದ ಕಾನೂನೇ ಇದೆ: ಮನೆಯ ಹಣ್ಣಿನ ಗಿಡದ ಬಲೆಯ ಕಣ್ಣು ಎಳೆದು ಹಿಡಿದಾಗ 5 ಮಿ.ಮೀ.ಗಿಂತ ದೊಡ್ಡದಿರಬಾರದು. ಕಿರುಬೆರಳು ತೂರಿದರೆ ಅಂಥ ಬಲೆ ಹಾಕಬೇಡಿ.

ಬಾವಲಿ ಸಿಕ್ಕಿಕೊಂಡಿದ್ದರೆ ಕೈಯಿಂದ ಬಿಡಿಸಲು ಹೋಗಬೇಡಿ. ಅವುಗಳಲ್ಲಿ ಲಿಸ್ಸಾವೈರಸ್ ಇರಬಹುದು, ರೇಬೀಸ್‌ನ ಹತ್ತಿರದ ಸಂಬಂಧಿ. ಕಚ್ಚಿದರೂ ಪರಚಿದರೂ ಅಪಾಯ. ಲಸಿಕೆ ಹಾಕಿಸಿಕೊಂಡವರು ಬಂದು ಬಿಡಿಸುತ್ತಾರೆ. ಕಾಡಿನ ಮರಗಳ ಹೂವಿಗೆ ಪರಾಗ ಮುಟ್ಟಿಸುವ, ಬೀಜ ಚೆಲ್ಲುವ ಪ್ರಾಣಿ ಅದು. ಕೊವಾಲಾ ತಿನ್ನುವ ನೀಲಗಿರಿ ಜಾತಿಯ ಮರಗಳಿಗೂ ಇವುಗಳ ಸಹಾಯ ಬೇಕು.

ಪರಮಾಟಾ ಅಮ್ಮ

ನಾವು ಈಗಷ್ಟೇ ಹೊಸ ಮನೆಗೆ ಬಂದಿದ್ದೇವೆ. ಹಿತ್ತಲಲ್ಲಿ ಎರಡು ಸೀಬೆ ಗಿಡ ಇವೆ, ಬಲೆ ತರಬೇಕು ಅಂತಲೇ ಇದ್ದೆ. 5 ಮಿ.ಮೀ. ಕಣ್ಣಿನದು ಎಲ್ಲಿ ಸಿಗುತ್ತದೆ ಮಾವ?

ಮೆಲ್ಬರ್ನ್ ಮಾವ

ದೊಡ್ಡ ಹಾರ್ಡ್‌ವೇರ್ ಅಂಗಡಿಯಲ್ಲಿ ಕೇಳಮ್ಮ, ಸಿಗುತ್ತದೆ. ಬಿಳಿ ಬಣ್ಣದ್ದನ್ನೇ ತೆಗೆದುಕೊ, ಕತ್ತಲಲ್ಲೂ ಬಾವಲಿಗೆ ಕಾಣುತ್ತದೆ. ಸಡಿಲವಾಗಿ ಹೊದಿಸಬೇಡ, ಬುಡದಲ್ಲಿ ಕಟ್ಟಿ ಬಿಗಿ ಮಾಡು. ಎರಡೇ ಗಿಡವಾದರೆ ಬಲೆಯೂ ಬೇಡ, ಕಾಯಿ ಬಲಿತ ಗೊಂಚಲಿಗೆ ಬಟ್ಟೆ ಚೀಲ ಕಟ್ಟಿದರೆ ಸಾಕು. ಮೇಲಿನ ಕೊಂಬೆಯ ನಾಲ್ಕು ಹಣ್ಣು ಅವಕ್ಕೂ ಬಿಡು.